ಕಥೆ ಕಟ್ಟಿ ನೆನಪಿಟ್ಟುಕೊಂಡರೆ ಮೂರು ತಿಂಗಳಲ್ಲಿ 2136 ಕಾಂಜಿ (ಜಪಾನಿ ಬರಹದ ಚೀನೀ ಮೂಲದ ಅಕ್ಷರ) ಕಲಿಯಬಹುದಾ? ಕೈಯಲ್ಲಿ ಬರೆಯುವುದೂ ಬೇಕಾ?

ಕಲಿಯಬಹುದು, ಅನುಮಾನ ಬೇಡ. ನಾನೂ ಹೆಚ್ಚುಕಡಿಮೆ ಹಾಗೇ ಕಲಿತವನು. ಕಲಿತು ಜಪಾನಿಗೆ ಹೋಗಿ, ತಪಾಸಣೆಯೇ ಆಗದ ಮಾಲನ್ನು ತಪಾಸಣೆ ಮುಗಿದ ಮಾಲಿನ ಜೊತೆ ಇಟ್ಟು, ಇಡೀ ಲೈನಿನವರು ರಾತ್ರಿಯವರೆಗೆ ನಿಲ್ಲುವ ಹಾಗೆ ಮಾಡಿದವನೂ ನಾನೇ. ಕಥೆ ಮೇಲಾ, ನೆನಪಿನ ಅರಮನೆ (ಗೊತ್ತಿರುವ ಮನೆಯ ಒಂದೊಂದು ಜಾಗದಲ್ಲಿ ಒಂದೊಂದನ್ನು ಇಟ್ಟ ಹಾಗೆ ಕಲ್ಪಿಸಿಕೊಳ್ಳುವ ತಂತ್ರ) ಮೇಲಾ, ನೂರು ಸಲ ಬರೆಯುವುದು ಮೇಲಾ ಅಂತ ಕೇಳಿದ್ದೀರಿ. ಅದಕ್ಕೆ ಆಮೇಲೆ ಬರುತ್ತೇನೆ. ಬರದೆಯೂ ಇರಬಹುದು.

ಡಿಪ್ಲೊಮಾ ಮುಗಿಸಿ ಬಿಡದಿ ಕಡೆಯ ಒಂದು ಬಿಡಿಭಾಗಗಳ ಕಾರ್ಖಾನೆಯಲ್ಲಿ ಕ್ವಾಲಿಟಿ ವಿಭಾಗಕ್ಕೆ ಸೇರಿದ್ದೆ. ನಗೋಯಾ ಇರುವ ಐಚಿ ಪ್ರಾಂತ್ಯಕ್ಕೆ ತರಬೇತಿಗೆ ಕಳಿಸುತ್ತೇವೆ ಅಂದರು. ಅಲ್ಪಸ್ವಲ್ಪ ಮಾತು ಕಂಪನಿಯವರೇ ಕಲಿಸಿದರು. ಓದುವುದನ್ನು ನಾನೇ ಕಲಿಯಲು ಹೊರಟೆ. ಹುಡುಕಿದ ಕಡೆಯೆಲ್ಲ ಒಂದೇ ಸಲಹೆ: ಕಾಂಜಿಯನ್ನು ತುಂಡು ಮಾಡಿ, ಪ್ರತಿ ತುಂಡಿಗೂ ಒಂದು ಹೆಸರಿಡಿ, ತುಂಡುಗಳನ್ನು ಸೇರಿಸಿ ಒಂದು ವಿಚಿತ್ರ ಕಥೆ ಕಟ್ಟಿ, ಅದನ್ನು ಒಂದು ಇಂಗ್ಲಿಷ್ ಪದಕ್ಕೆ ಗಂಟು ಹಾಕಿ. ಉಚ್ಚಾರ ಈಗ ಬೇಡ, ಅದೆಲ್ಲ ಆಮೇಲೆ. ಮನುಷ್ಯ ಮರಕ್ಕೆ ಒರಗಿದರೆ ವಿಶ್ರಾಂತಿ. ಎರಡು ಮರ ತೋಪು, ಮೂರು ಮರ ಕಾಡು. ಶಿಫ್ಟ್ ಬಸ್ಸಿನಲ್ಲಿ ಕೂತು ಮೊಬೈಲಿನಲ್ಲಿ ಕಾರ್ಡ್ ತಿರುಗಿಸುತ್ತಾ ಹೋದೆ. ಲೆಕ್ಕ ಏರುವುದನ್ನು ನೋಡಿ ಖುಷಿಯೋ ಖುಷಿ. ಅಕ್ಷರ ಕಂಡರೆ ಇಂಗ್ಲಿಷ್ ಪದ ಥಟ್ಟನೆ ಬಾಯಿಗೆ ಬರುತ್ತಿತ್ತು. ಬರೆದು ನೋಡುವ ಗೋಜಿಗೆ ಹೋಗಲಿಲ್ಲ. ಇದನ್ನೇ ಓದಲು ಬರುವುದು ಅಂದುಕೊಂಡಿದ್ದೆ. 'ಆಮೇಲೆ' ಅನ್ನುವುದು ಬರಲೇ ಇಲ್ಲ.

ಅಲ್ಲಿ ತಪಾಸಣೆ ಲೈನಿನಲ್ಲಿ ಟ್ರೇಗಳಿಗೆ ಚೀಟಿ ಅಂಟಿಸಿರುತ್ತಾರೆ. ಒಂದು ದಿನ ಒಂದು ಟ್ರೇ ಮೇಲೆ ಮೂರು ಅಕ್ಷರದ ಚೀಟಿ. ಎರಡನೆಯದು 'ಪರಿಶೀಲಿಸು', ಮೂರನೆಯದು 'ತನಿಖೆ ಮಾಡು', ಎರಡೂ ನನ್ನ ಕಾರ್ಡಿನಲ್ಲಿ ಇದ್ದವೇ. ಮೊದಲನೆಯದು ಮರದ ಅಕ್ಷರ, ಅದಕ್ಕೆ ಇನ್ನೊಂದು ಅಡ್ಡಗೆರೆ. ಕೊಂಬೆ ಜಾಸ್ತಿ ಇರುವ ಮರ ಅಂದರೆ 'ಕೊನೆ', ಅಲ್ವಾ? ಕೊನೆ, ಪರಿಶೀಲನೆ, ತನಿಖೆ. ಕೊನೆಯ ತಪಾಸಣೆ ಮುಗಿದಿದೆ ಅಂದುಕೊಂಡೆ. ಟ್ರೇ ಎತ್ತಿ ಮುಗಿದ ಮಾಲಿನ ರ‍್ಯಾಕಿಗೆ ಇಟ್ಟೆ. ಆಮೇಲೆ ಅದೇ ಚೀಟಿ ಇದ್ದ ಇನ್ನೂ ಕೆಲವು ಟ್ರೇಗಳನ್ನೂ ಇಟ್ಟೆ.

ಆ ಚೀಟಿಯಲ್ಲಿದ್ದುದು 'ಮಿಕೆನ್ಸಾ'. ಅಂದರೆ ತಪಾಸಣೆ ಇನ್ನೂ ಆಗಿಲ್ಲ.

ಇಲ್ಲಿ ಸ್ವಲ್ಪ ತಾಳ್ಮೆ ಇರಲಿ, ಈ ತಪ್ಪನ್ನು ನಾನು ಬಿಡಿಸಿ ಹೇಳಲೇಬೇಕು. ಮರಕ್ಕೆ ಇನ್ನೊಂದು ಅಡ್ಡಗೆರೆ ಸೇರಿದ ಕಾಂಜಿಗಳಲ್ಲಿ ಈ ಎರಡು ಅವಳಿಗಳ ಹಾಗೆ. ಮೇಲಿನ ಗೆರೆ ಚಿಕ್ಕದು, ಕೆಳಗಿನದು ಉದ್ದ ಆದರೆ ಅದು 'ಮಿ', ಇನ್ನೂ ಆಗಿಲ್ಲ ಎಂದು. ಮೇಲಿನ ಗೆರೆಯೇ ಉದ್ದ ಆದರೆ ಅದು 'ಮಾತ್ಸು', ಕೊನೆ ಎಂದು. ಎರಡಕ್ಕೂ ನಾನು ಕಟ್ಟಿದ್ದ ಕಥೆ ಮರದ್ದೇ, ಕೊಂಬೆಯದ್ದೇ. ಗೆರೆಯ ಉದ್ದ ಕಥೆಯೊಳಗೆ ಬಂದೇ ಇರಲಿಲ್ಲ. ಇದನ್ನು ಕೇಳಿದವರೆಲ್ಲ "ಓ, ಒಂದೇ ಥರ ಕಾಣುವ ಅಕ್ಷರ, ಗಡಿಬಿಡಿ ಆಯ್ತು, ಪರವಾಗಿಲ್ಲ" ಅನ್ನುತ್ತಾರೆ. ಅಲ್ಲ ಸ್ವಾಮಿ, ಅದು ತೀರಾ ಸಣ್ಣ ಭಾಗ.

ಪದ ಗೊತ್ತಿದ್ದವರು ಈ ತಪ್ಪು ಮಾಡುವುದಕ್ಕೇ ಸಾಧ್ಯವಿಲ್ಲ. ಕೊನೆಯ ತಪಾಸಣೆಗೆ ಜಪಾನಿಯಲ್ಲಿ 'ಸಾಯ್‌ಷೂ ಕೆನ್ಸಾ' ಅನ್ನುತ್ತಾರೆ. ಅದರ ಮೊದಲೆರಡು ಅಕ್ಷರಗಳೇ ಬೇರೆ. 'ಕೊನೆ' ಅಕ್ಷರವನ್ನು ತಪಾಸಣೆಯ ಮುಂದೆ ಹಾಕಿ ಯಾರೂ ಬರೆಯುವುದಿಲ್ಲ. ಚೀಟಿಗೆ ಗ್ರೀಸ್ ಮೆತ್ತಿಕೊಂಡು ಮೊದಲ ಅಕ್ಷರ ಅರ್ಧ ಅಳಿಸಿಹೋಗಿದ್ದರೂ ನನ್ನ ಪಕ್ಕದವನು ಅದನ್ನು ಮಿಕೆನ್ಸಾ ಅಂತಲೇ ಓದುತ್ತಿದ್ದ. ಗೆರೆಯ ಉದ್ದ ಅಳೆದು ಓದುತ್ತಿರಲಿಲ್ಲ. ಆ ಜಾಗದಲ್ಲಿ ಬೇರೆ ಪದ ಬರುವುದಿಲ್ಲ ಅಂತ ಅವನಿಗೆ ಗೊತ್ತು. ನನ್ನ ತಲೆಯಲ್ಲಿ ಅಕ್ಷರಗಳಿದ್ದವು, ಯಾವ ಪದ ಇದೆ, ಯಾವುದು ಇಲ್ಲ ಅನ್ನುವುದು ಇರಲಿಲ್ಲ.

ಇನ್ನೂ ಹೊಟ್ಟೆ ಉರಿಯುವ ವಿಷಯ ಕೇಳಿ. 'ಮಿಕೆನ್ಸಾ' ಅನ್ನುವ ಮಾತು ನನ್ನ ಕಿವಿಗೆ ಹೊಸದಲ್ಲ. ಬೆಳಗಿನ ಮೀಟಿಂಗಿನಲ್ಲಿ ಲೀಡರ್ ಅದನ್ನು ಎಷ್ಟೋ ಸಲ ಹೇಳಿದ್ದರು, ಅರ್ಥವೂ ಗೊತ್ತಿತ್ತು. ಚೀಟಿಯ ಮೂರು ಅಕ್ಷರವೂ ನೋಡಿದವೇ. ಇವೆರಡೂ ಒಂದೇ ಅಂತ ಜೋಡಿಸುವ ದಾರಿಯೇ ನನ್ನಲ್ಲಿರಲಿಲ್ಲ, ಉಚ್ಚಾರ ಆಮೇಲೆ ಅಂತ ಬಿಟ್ಟಿದ್ದೆನಲ್ಲ. ಅನುಮಾನ ಬಂದಿದ್ದರೂ ಬಾಯಿ ಬಿಟ್ಟು ಕೇಳುವ ಹಾಗಿಲ್ಲ, ಏನಂತ ಕೇಳುವುದು? ಫೋನಿನಲ್ಲಿ ಟೈಪ್ ಮಾಡಿ ನೋಡೋಣ ಅಂದರೆ ಅಲ್ಲಿಯೂ ಉಚ್ಚಾರ ಒತ್ತಿದ ಮೇಲೇ ಕಾಂಜಿ ಬರುವುದು.

ಲೀಡರ್ ಕೂಗಾಡಲಿಲ್ಲ. ಎಲ್ಲರೂ ಓವರ್‌ಟೈಮ್ ನಿಂತು ಟ್ರೇಗಳನ್ನು ಮತ್ತೆ ತಪಾಸಣೆ ಮಾಡಿದರು. ಮುಂದಿನ ವಾರ ನನ್ನನ್ನು ಪ್ಯಾಕಿಂಗಿಗೆ ಹಾಕಿದರು, ತರಬೇತಿ ಮುಗಿಯುವವರೆಗೂ ಅಲ್ಲೇ. ಯಾವ ಕೆಲಸ ಕಲಿಯಲು ಹೋಗಿದ್ದೆನೋ ಅದನ್ನು ನನ್ನ ಜೊತೆ ಬಂದ ಹುಡುಗ ಕಲಿತ. ಊರಿಗೆ ಬಂದ ಮೇಲೆ ಆ ಹುದ್ದೆಯೂ ಅವನಿಗೇ ಸಿಕ್ಕಿತು. ಅವನಿಗೆ ನನ್ನ ಕಾಲುಭಾಗ ಕಾಂಜಿಯೂ ಬರುತ್ತಿರಲಿಲ್ಲ. ಆದರೆ ಲೈನಿನ ಮೇಲಿನ ಪ್ರತಿ ಚೀಟಿಯನ್ನೂ ಬಾಯಿಬಿಟ್ಟು ಓದುತ್ತಿದ್ದ.

ಹಾಗಾಗಿ ನಿಮ್ಮ ಪ್ರಶ್ನೆಯಲ್ಲಿರುವ 2136 ಅನ್ನುವ ಅಂಕಿಯನ್ನೇ ಮೊದಲು ತೆಗೆದುಹಾಕಿ. ಅದು 2010ರಲ್ಲಿ ಪರಿಷ್ಕರಿಸಿದ ನಿತ್ಯಬಳಕೆಯ ಕಾಂಜಿಗಳ ಸರ್ಕಾರಿ ಪಟ್ಟಿ. ಅದೇ ಪಟ್ಟಿಯಲ್ಲಿ ಆ ಅಕ್ಷರಗಳಿಗೆ 4388 ಓದುಗಳಿವೆ, ಅಂದರೆ ಉಚ್ಚಾರಗಳು. ಈ ಎರಡನೇ ಅಂಕಿಯನ್ನು ಮೂರು ತಿಂಗಳ ಸವಾಲು ಹಾಕುವವರು ಯಾರೂ ಹೇಳುವುದಿಲ್ಲ. ಭಾನುವಾರಕ್ಕೆ 'ನಿಚಿಯೋಬಿ' ಅನ್ನುತ್ತಾರೆ. ಮೊದಲ ಅಕ್ಷರವೂ ಸೂರ್ಯ, ಕೊನೆಯ ಅಕ್ಷರವೂ ಅದೇ ಸೂರ್ಯ. ಒಂದು ಕಡೆ 'ನಿಚಿ', ಇನ್ನೊಂದು ಕಡೆ 'ಬಿ'. ಸೂರ್ಯನ ಬಗ್ಗೆ ಎಂಥ ಕಥೆ ಕಟ್ಟಿದರೂ ಇದು ಹೊಳೆಯುವುದಿಲ್ಲ, ಭಾನುವಾರ ಅನ್ನುವ ಪದವನ್ನೇ ಕಲಿಯಬೇಕು. ಅರ್ಥಗಳನ್ನು ಕೂಡಿಸಿದರೆ ಪದ ಸಿಗುತ್ತದೆ ಅನ್ನುವುದೂ ಅರ್ಧ ಸುಳ್ಳು. 'ಕತ್ತರಿಸು' ಮತ್ತು 'ಕೈ' ಸೇರಿದರೆ ಗಾಯ ಅಂದುಕೊಳ್ಳುತ್ತೀರಿ. ಅದು 'ಕಿತ್ತೆ', ಅಂಚೆಚೀಟಿ. ನಿಜವಾದ ಗಾಯ 'ಕೆಗಾ', ಅದರಲ್ಲಿ ಇರುವುದು 'ಅನುಮಾನ' ಮತ್ತು 'ನಾನು'.

ಜಪಾನಿನ ಮಕ್ಕಳು ಒಂದನೇ ಕ್ಲಾಸಿನಲ್ಲಿ ಕಲಿಯುವುದು 80 ಕಾಂಜಿ. ಪ್ರಾಥಮಿಕ ಶಾಲೆಯ ಆರು ವರ್ಷಕ್ಕೆ ಒಟ್ಟು 1026. ಅವು ದಡ್ಡ ಮಕ್ಕಳಲ್ಲ. ಪದಗಳು ಮೊದಲೇ ಬಾಯಲ್ಲಿರುತ್ತವೆ, ಅದಕ್ಕೆ ಅಕ್ಷರ ತೊಡಿಸುತ್ತಾರೆ. ನೀವು ದಿನಕ್ಕೆ ಸುಮಾರು 24ರಂತೆ ಮೂರು ತಿಂಗಳು ಮಾಡಲು ಹೊರಟಿರುವುದು ಇದರ ಉಲ್ಟಾ. ಖಾಲಿ ಡಬ್ಬಗಳಿಗೆ ತೊಗರಿ, ಕಡಲೆ, ಉದ್ದು ಅಂತ ಚೀಟಿ ಅಂಟಿಸಿ ಅಡುಗೆಮನೆ ತುಂಬಿತು ಅಂದ ಹಾಗೆ.

ನನಗೆ ಕಾಂಜಿ ನಿಜವಾಗಿ ಅಂಟಿದ್ದು ಆ ಪ್ಯಾಕಿಂಗ್ ವಿಭಾಗದಲ್ಲೇ. ಗೋಡೆಯ ಮೇಲೆ 5ಎಸ್ ಬೋರ್ಡ್ ಇತ್ತು, ಕೆಲಸದ ಜಾಗ ಅಚ್ಚುಕಟ್ಟಾಗಿಡುವ ಐದು ನಿಯಮಗಳದ್ದು. ಸೇರಿ, ಸೇಟೊನ್, ಸೇಸೋ, ಸೇಕೆತ್ಸು, ಷಿತ್ಸುಕೆ. ಪೀಣ್ಯದಲ್ಲೋ ಬಿಡದಿಯಲ್ಲೋ ಕೆಲಸ ಮಾಡಿದವರಿಗೆ ಇದು ಬಾಯಿಪಾಠ. ನನಗೂ ಐದು ಪದ ಮೊದಲೇ ಗೊತ್ತು, ಕಾಂಜಿ ಮಾತ್ರ ಎದುರಿಗೆ ಕೂತಿದೆ. ನೋಡುತ್ತಾ ನೋಡುತ್ತಾ ಹೊಳೆಯಿತು: ಸೇಸೋ, ಸೇಕೆತ್ಸು ಎರಡರಲ್ಲೂ ಮೊದಲ ಅಕ್ಷರ ಒಂದೇ. ಎಡಗಡೆ ನೀರಿನ ಮೂರು ಚುಕ್ಕಿ, ಬಲಗಡೆ 'ನೀಲಿ'. ಈ ನೀಲಿಯ ಓದೇ 'ಸೇ'. ನೀರಿನ ಬದಲು ಸೂರ್ಯ ಇಟ್ಟರೆ ಶುಭ್ರ ಆಕಾಶ, ಅದೂ 'ಸೇ'. ಅಕ್ಕಿ ಇಟ್ಟರೂ 'ಸೇ', ಮಾತು ಇಟ್ಟರೂ 'ಸೇ'. ಎಡಗಡೆಯದು ವಿಷಯ ಏನು ಅಂತ ಹೇಳುತ್ತದೆ, ಬಲಗಡೆಯದು ಹೇಗೆ ಓದಬೇಕು ಅಂತ ಹೇಳುತ್ತದೆ. ಬಹಳಷ್ಟು ಕಾಂಜಿ ಇರುವುದೇ ಹೀಗೆ. ನಾನು ನೀಲಿ ನೀರು, ನೀಲಿ ಅಕ್ಕಿ ಅಂತ ಒಂದೊಂದಕ್ಕೂ ಕಥೆ ಹೆಣೆದು ಈ ಸುಳಿವನ್ನೇ ಮುಚ್ಚಿಹಾಕಿದ್ದೆ.

ಆಮೇಲೆ ತಪಾಸಣೆಯ 'ಕೆನ್' ನೋಡಿದೆ. ಕೆನ್ಸಾದ ಕೆನ್‌ಗೆ ಎಡಗಡೆ ಮರ. ಅಪಾಯಕ್ಕೆ 'ಕಿಕೆನ್', ಅದರ ಕೆನ್‌ಗೆ ಎಡಗಡೆ ದಿಬ್ಬ. ಪರೀಕ್ಷೆಗೆ 'ಷಿಕೆನ್', ಅಲ್ಲಿ ಕುದುರೆ. ಬಲಗಡೆ ಮೂರಕ್ಕೂ ಒಂದೇ. ಒಂದು ಪದ ಕಲಿತರೆ ಮೂರು ಸಿಗುತ್ತವೆ. ನನ್ನ ಶತ್ರುವಾಗಿದ್ದ ಆ 'ಮಿ' ಕೂಡ ಪಕ್ಕದಲ್ಲಿ ಬಾಯಿಯ ಚೌಕ ಇಟ್ಟುಕೊಂಡು 'ರುಚಿ' ಆಗುತ್ತದೆ, ಮಿಸೊ ಸೂಪಿನ ಮಿ. 'ಮಿರಾಯಿ' ಅಂದರೆ ಭವಿಷ್ಯ, ಇನ್ನೂ ಬಂದಿಲ್ಲದ್ದು. ಅದೂ ಇದೇ ಮಿ. ಎಲ್ಲ ಕಡೆಯೂ ಈ ಸುಳಿವು ನಡೆಯುತ್ತದೆ ಅನ್ನಲಾರೆ. ದೇವಸ್ಥಾನದ 'ಜಿ' ಸೂರ್ಯನ ಪಕ್ಕ ಕೂತು 'ಸಮಯ' ಆದಾಗ ಜಿ ಆಗಿಯೇ ಉಳಿಯುತ್ತದೆ, 'ಕಾಯು' ಅನ್ನುವ ಅಕ್ಷರದಲ್ಲಿ 'ತಾಯ್' ಆಗಿಬಿಡುತ್ತದೆ. ಆದರೂ ಯಾವ ಕಥೆಗಿಂತಲೂ ಇದು ಎಷ್ಟೋ ಮೇಲು.

ಹಾಗಾದರೆ ನೆನಪಿನ ತಂತ್ರ ಪೂರ್ತಿ ಬೇಡವಾ? ಬೇಕು, ಜಪಾನಿಯ ಉಚ್ಚಾರದ ಅಕ್ಷರಮಾಲೆಗಳಾದ ಹಿರಗಾನ ಕಟಕಾನಕ್ಕೆ ಧಾರಾಳವಾಗಿ ಬಳಸಿ. ಒಂದೊಂದರಲ್ಲಿ 46 ಮೂಲ ಅಕ್ಷರ, ಒಂದು ಅಕ್ಷರಕ್ಕೆ ಹೆಚ್ಚುಕಡಿಮೆ ಒಂದೇ ಉಚ್ಚಾರ, ಅಲ್ಲಿ ಚಿತ್ರಕಥೆ ಚೆನ್ನಾಗಿ ಕೆಲಸ ಮಾಡುತ್ತದೆ. ಆದರೆ ಕಥೆ ಕನ್ನಡದ್ದಿರಲಿ. ಹಿರಗಾನದ 'ಕು' ಅನ್ನುವುದು ಬಾಯಿ ತೆರೆದ ಕೊಕ್ಕಿನ ಹಾಗಿದೆ, ಕೋಗಿಲೆ ಕುಹೂ ಅನ್ನುತ್ತಿದೆ. ಮುಗಿಯಿತು. 'ನು' ಮತ್ತು 'ಮೆ' ಒಂದೇ ಥರ, ಆದರೆ 'ನು' ಕೊನೆಯಲ್ಲಿ ಗಂಟಿದೆ, ನೂಲಿನ ಗಂಟು. 'ನೆ', 'ರೆ', 'ವ' ಮೂರೂ ಅಕ್ಕತಂಗಿಯರು, ಗಂಟಿರುವುದು 'ನೆ'ಗೆ ಮಾತ್ರ, ನೇಯ್ಗೆ. ಇಂಗ್ಲಿಷಿನವರು ಬರೆದ ಚಿತ್ರಕಥೆ ಓದಿದರೆ ಮೊದಲು ಅವರ ಪದ ನೆನಪಿಗೆ ಬರಬೇಕು, ಆಮೇಲೆ ಅಕ್ಷರ. ನಮಗ್ಯಾಕೆ ಆ ಸುತ್ತು?

ಅಕ್ಷರಗಳ ಸಾಲನ್ನಂತೂ ನೀವು ಕಲಿಯಬೇಕಾಗಿಯೇ ಇಲ್ಲ. ಅ ಇ ಉ ಎ ಒ. ಆಮೇಲೆ ಕ, ಸ, ತ, ನ, ಹ, ಮ, ಯ, ರ, ವ. ನಮ್ಮ ವರ್ಣಮಾಲೆಯ ಕ, ಚ, ತ, ನ, ಪ, ಮ, ಯ, ರ, ವ ಪಕ್ಕದಲ್ಲಿಟ್ಟು ನೋಡಿ. ಅಲ್ಲಿನ 'ಹ' ಹಿಂದೆ 'ಪ' ಆಗಿತ್ತು, 'ಸ' ಕೂಡ 'ಚ'ಗೆ ಹತ್ತಿರ ಇತ್ತು ಅಂತ ಭಾಷೆ ಬಲ್ಲವರು ಹೇಳುತ್ತಾರೆ. ಇದು ಕಾಕತಾಳೀಯವಲ್ಲ. ಬೌದ್ಧ ಭಿಕ್ಷುಗಳ ಜೊತೆ ಚೀನಾ ಮೂಲಕ ಜಪಾನಿಗೆ ಹೋದ ಸಂಸ್ಕೃತದ ಅಕ್ಷರಪಾಠದ ಪ್ರಭಾವ. ನಿಘಂಟಿನ ಕ್ರಮವೂ ಇದೇ ಆದ್ದರಿಂದ ಸುಮ್ನೆ ಸಿಕ್ಕ ಲಾಭ.

ಕಾಂಜಿಯಲ್ಲಿ ಕಥೆ ಬೇಕಾಗುವುದು ಎರಡು ಅಕ್ಷರ ಕಲಸಿಹೋದಾಗ ಮಾತ್ರ. ಆಗ ಕಥೆ ವ್ಯತ್ಯಾಸದ ಬಗ್ಗೆಯೇ ಇರಬೇಕು. ಮೇಲಿನ ಕೊಂಬೆ ಇನ್ನೂ ಚಿಕ್ಕದು, ಬೆಳೆದಿಲ್ಲ, ಅದು ಮಿ. ತುದಿ ಚಾಚಿ ಮುಗಿದಿದೆ, ಅದು ಮಾತ್ಸು. ಇನ್ನು ಕೆಲವು ತಾವೇ ಕಥೆ ಹೇಳುತ್ತವೆ: ಕಾನ್‌ಬಾನ್ (ಫಲಕ) ಪದದ 'ಕಾನ್' ಅಂದರೆ ಕಣ್ಣಿನ ಮೇಲೆ ಕೈ ಅಡ್ಡ ಹಿಡಿದು ನೋಡುವುದು. ಅಂಥವನ್ನು ಹಾಗೇ ತೆಗೆದುಕೊಳ್ಳಿ. ನೆನಪಿನ ಅರಮನೆ ಇಲ್ಲಿ ಉಪಯೋಗಕ್ಕಿಲ್ಲ. ಅದು ಕ್ರಮವಾಗಿ ನೆನಪಿಡುವ ಪಟ್ಟಿಗೆ ಸರಿ, ಓದುವಾಗ ಅಕ್ಷರಗಳು ಪಟ್ಟಿಯ ಕ್ರಮದಲ್ಲಿ ಬರುವುದಿಲ್ಲ.

ಬರೆಯಬೇಕಾ ಅಂದರೆ, ಜಪಾನಿ ಭಾಷಾ ಸಾಮರ್ಥ್ಯದ ಜೆಎಲ್‌ಪಿಟಿ ಪರೀಕ್ಷೆಗೆ ಬೇಡ, ಅಲ್ಲಿ ಎಲ್ಲವೂ ಉತ್ತರ ಆರಿಸುವ ಪ್ರಶ್ನೆಗಳೇ. ಆದರೂ ಬರೆಯಿರಿ. ನೂರು ಸಲ ಅಲ್ಲ, ಹೊಸ ಪದ ಬಂದಾಗ ನೋಡದೆ ಎರಡು ಮೂರು ಸಲ ಸಾಕು. ಕಟಕಾನದ 'ಷಿ' ಮತ್ತು 'ತ್ಸು' ಕಣ್ಣಿಗೆ ಒಂದೇ. ಷಿಯಲ್ಲಿ ಸಣ್ಣ ಗೆರೆಗಳು ಎಡಕ್ಕೆ ಒಂದರ ಕೆಳಗೊಂದು, ಉದ್ದ ಗೆರೆ ಕೆಳಗಿನಿಂದ ಮೇಲೆ ಹೋಗುತ್ತದೆ. ತ್ಸುವಿನಲ್ಲಿ ಅವು ಮೇಲೆ ಸಾಲಾಗಿ, ಉದ್ದ ಗೆರೆ ಕೆಳಗೆ ಇಳಿಯುತ್ತದೆ. ಕೈಗೆ ಇದು ಬೇಗ ತಿಳಿಯುತ್ತದೆ. ನಾನು ಆ ಮಿಯನ್ನು ನಾಲ್ಕು ಸಲ ಬರೆದಿದ್ದರೂ ಗೆರೆಯ ಉದ್ದ ಕಣ್ಣಿಗೆ ಬೀಳುತ್ತಿತ್ತು.

ಕಾರ್ಡಿಗೆ ಆಂಕಿ ಆ್ಯಪ್ ಬಳಸಿ. ಮುಂದೆ ಪದ ಇರುವ ಒಂದು ಚಿಕ್ಕ ವಾಕ್ಯ, ಹಿಂದೆ ಹಿರಗಾನದಲ್ಲಿ ಓದು, ಕನ್ನಡದಲ್ಲಿ ಅರ್ಥ. ಬಾಯಿಬಿಟ್ಟು ಓದದೆ ಕಾರ್ಡ್ ತಿರುಗಿಸಬೇಡಿ. ಬರೀ ಒಂಟಿ ಕಾಂಜಿಯ ಕಾರ್ಡ್ ಮಾಡಲೇಬೇಡಿ. ನನ್ನ ಡೆಕ್ ಕಳಿಸಿ ಅಂತ ಕೇಳುವುದೂ ಬೇಡ, ಅದರಲ್ಲಿರುವುದು ಟ್ರೇ, ಬೋಲ್ಟ್, ಓವರ್‌ಟೈಮ್. ನೀವು ನರ್ಸಿಂಗಿಗೋ ಸಾಫ್ಟ್‌ವೇರಿಗೋ ಯಾವುದಕ್ಕೆ ಹೋಗುತ್ತಿದ್ದೀರಿ ಅಂತ ಪ್ರಶ್ನೆಯಲ್ಲಿ ಬರೆದಿಲ್ಲ. ಅದನ್ನು ಹೇಳಿದರೆ ಮೊದಲ ವಾರಕ್ಕೆ ಯಾವ ಪದಗಳು ಅಂತ ಹೇಳುತ್ತೇನೆ.