ಅಚ್ಚಾಗದ ಚಂದ್ರ

ಪತ್ರ: “ದೂರದರ್ಶಕದಲ್ಲಿ ಚಂದ್ರನನ್ನು ಮೊದಲು ನೋಡಿದವನು ಗೆಲಿಲಿಯೊ ಎಂದು ಕಳೆದ ಸಂಚಿಕೆಯಲ್ಲಿ ಬರೆದಿದ್ದೀರಿ. ಇಂಗ್ಲೆಂಡಿನ ಥಾಮಸ್ ಹ್ಯಾರಿಯಟ್ ಅದಕ್ಕೂ ಮೊದಲೇ ನೋಡಿ ಚಿತ್ರ ಬರೆದಿದ್ದನಂತೆ. ಹಾಗಾದರೆ ಅವನ ಹೆಸರು ಯಾರಿಗೂ ಗೊತ್ತಿಲ್ಲವೇಕೆ?”
– ಓದುಗರೊಬ್ಬರು, ಶಿರಸಿ

ಉತ್ತರ: ನೀವು ಹೇಳಿದ್ದೇ ಸರಿ, ತಪ್ಪು ನಮ್ಮದು. ಹ್ಯಾರಿಯಟ್ ಲಂಡನ್ ಹತ್ತಿರದ ಸಯಾನ್‌ನಲ್ಲಿ ದುರ್ಬೀನು ಹಿಡಿದು ಕೂತಿದ್ದು 1609ರ ಜುಲೈ 26ರ ರಾತ್ರಿ. (ಇಂಗ್ಲೆಂಡಿನಲ್ಲಿ ಆಗಿನ್ನೂ ಹಳೆ ಕ್ಯಾಲೆಂಡರ್. ಈಗಿನ ಲೆಕ್ಕಕ್ಕೆ ಅದು ಆಗಸ್ಟ್ 5.) ಇಟಲಿಯ ಪಾದುವಾದಲ್ಲಿ ಗೆಲಿಲಿಯೊ ಚಂದ್ರನ ಚಿತ್ರ ಬರೆಯಲು ಶುರು ಮಾಡಿದ್ದು ಆ ವರ್ಷದ ನವೆಂಬರ್ ಕೊನೆಗೆ.

ಹ್ಯಾರಿಯಟ್‌ನ ಚಿತ್ರ ಇವತ್ತಿಗೂ ಇದೆ. ನೋಡಿದರೆ ಸ್ವಲ್ಪ ನಿರಾಸೆ ಆಗುತ್ತದೆ! ಅಮಾವಾಸ್ಯೆ ಕಳೆದು ಐದು ದಿನದ ಚಂದ್ರ. ಬೆಳಕು, ಕತ್ತಲು ಸೇರುವ ಗೆರೆ ಅಂಕುಡೊಂಕಾಗಿದೆ. ಪಕ್ಕದಲ್ಲಿ ಒಂದಿಷ್ಟು ಕಪ್ಪು ಗೀಚು. ಗುಡ್ಡ, ಕುಳಿ ಏನೂ ಇಲ್ಲ. ಅವನ ದುರ್ಬೀನು ಆರು ಪಟ್ಟು ಮಾತ್ರ ದೊಡ್ಡದಾಗಿ ತೋರಿಸುತ್ತಿತ್ತು. ಆದರೆ ತಪ್ಪನ್ನೆಲ್ಲ ಪಾಪ ದುರ್ಬೀನಿನ ಮೇಲೆ ಹಾಕಲು ನನಗೆ ಮನಸ್ಸಿಲ್ಲ. ವೇಲ್ಸ್‌ನಲ್ಲಿದ್ದ ಅವನ ಗೆಳೆಯ ವಿಲಿಯಂ ಲೋವರ್ ಕೂಡ ಹುಣ್ಣಿಮೆ ಚಂದ್ರನನ್ನು ನೋಡಿದ. ಹೋದ ವಾರ ನಮ್ಮ ಅಡುಗೆಯವನು ಮಾಡಿದ ಟಾರ್ಟಿನ (ಒಲೆಯಲ್ಲಿ ಬೇಯಿಸಿದ ಒಂದು ತಿನಿಸು) ಹಾಗಿದೆ ಎಂದು 1610ರ ಫೆಬ್ರವರಿಯಲ್ಲಿ ಕಾಗದ ಬರೆದ. ಇಲ್ಲೊಂದು ಕಡೆ ಬೆಳ್ಳಗೆ, ಅಲ್ಲೊಂದು ಕಡೆ ಕಪ್ಪಗೆ, ಒಟ್ಟಿನಲ್ಲಿ ಕಲಸುಮೇಲೋಗರ.

ಗೆಲಿಲಿಯೊ ಬಳಿ ಇಪ್ಪತ್ತು ಪಟ್ಟಿನ ದುರ್ಬೀನಿತ್ತು. ಜೊತೆಗೆ ಚಿತ್ರಕಲೆಯ ಅಭ್ಯಾಸವೂ ಇತ್ತು. ನೆರಳು ನೋಡಿ ಉಬ್ಬು ಯಾವುದು, ತಗ್ಗು ಯಾವುದು ಎಂದು ಹೇಳಬಲ್ಲವನು. ಚಂದ್ರನ ಕತ್ತಲ ಭಾಗದೊಳಗೆ ಒಂಟೊಂಟಿಯಾಗಿ ಹೊಳೆಯುವ ಚುಕ್ಕೆಗಳು ಕಂಡವು. ಬಯಲಿಗೆ ಬಿಸಿಲು ಬೀಳುವ ಮೊದಲೇ ಬೆಟ್ಟದ ತುದಿ ಹೊಳೆಯುತ್ತದಲ್ವಾ? ಇದೂ ಅದೇ ಅಂದುಕೊಂಡ. ಚುಕ್ಕೆ ಬೆಳಕಿನ ಗೆರೆಯಿಂದ ಎಷ್ಟು ದೂರ ಎಂದು ಅಂದಾಜು ಮಾಡಿ, ಬೆಟ್ಟದ ಎತ್ತರ ಆರು ಕಿಲೋಮೀಟರಿಗೂ ಜಾಸ್ತಿ ಎಂದು ಲೆಕ್ಕ ಹಾಕಿಬಿಟ್ಟ. 1610ರ ಮಾರ್ಚಿನಲ್ಲಿ ವೆನಿಸ್‌ನಲ್ಲಿ ಅವನ ಪುಸ್ತಕ ಅಚ್ಚಾಯಿತು.

ತಮಾಷೆ ಈಗ ನೋಡಿ. ಆ ಪುಸ್ತಕ ಇಂಗ್ಲೆಂಡಿಗೆ ಬಂದ ಮೇಲೆ, 1610ರ ಜುಲೈಯಲ್ಲಿ ಹ್ಯಾರಿಯಟ್ ಬರೆದ ಚಿತ್ರದಲ್ಲಿ ಕುಳಿಗಳು ಎದ್ದು ಕಾಣುತ್ತವೆ!

ಅವನ ಹೆಸರು ಮರೆಯಾಗಿದ್ದಕ್ಕೆ ಕಾರಣ ಸರಳ. ನೋಡಿದ್ದನ್ನು ಅವನು ಪ್ರಕಟಿಸಲೇ ಇಲ್ಲ. ಭಯವೂ ಇದ್ದಿರಬಹುದು. ಅವನನ್ನು ಸಾಕುತ್ತಿದ್ದ ನಾರ್ಥಂಬರ್‌ಲ್ಯಾಂಡಿನ ಅರ್ಲ್ (ದೊಡ್ಡ ಜಹಗೀರುದಾರ), ರಾಜನ ಸಮೇತ ಪಾರ್ಲಿಮೆಂಟನ್ನೇ ಉಡಾಯಿಸಲು ಹೂಡಿದ್ದ 1605ರ ಸಿಡಿಮದ್ದಿನ ಸಂಚಿನ ಗುಮಾನಿಯಲ್ಲಿ ಲಂಡನ್ ಟವರಿನಲ್ಲಿ ಸೆರೆಯಲ್ಲಿದ್ದ. ಹ್ಯಾರಿಯಟ್ ಕೂಡ ಆಗ ಕೆಲ ದಿನ ಜೈಲು ಕಂಡು ಬಂದಿದ್ದ. 1621ರಲ್ಲಿ ತೀರಿಕೊಂಡ. ಅವನ ಕಾಗದಪತ್ರಗಳು ಹೊರಗೆ ಬಂದಿದ್ದು 1784ರಲ್ಲಿ.

ಅದರಲ್ಲಿ ಪೂರ್ಣಚಂದ್ರನ ಒಂದು ನಕ್ಷೆಯೂ ಇದೆ, ಅವನೇ ಆಮೇಲೆ ಬರೆದದ್ದು. ಗೆಲಿಲಿಯೊನ ಚಿತ್ರಗಳಿಗಿಂತ ಎಷ್ಟೋ ನಿಖರ. ಅದನ್ನೂ ಅಚ್ಚು ಮಾಡಿಸಲಿಲ್ಲ, ಮಹಾರಾಯ.