ಒಂದೇ ಕ್ಷೇತ್ರ, ಎಂಟು ಗೆಲುವು: ಹೊರಟ್ಟಿಯವರ ಬಗ್ಗೆ ನೀವು ಕೇಳಿದ್ದು

ಪ್ರಶ್ನೆ: ಬಸವರಾಜ ಹೊರಟ್ಟಿಯವರು 1980ರಿಂದ ಒಂದೇ ಕ್ಷೇತ್ರದಿಂದ ಗೆಲ್ಲುತ್ತಾ ಬಂದಿದ್ದಾರೆ ಅಂತಾರೆ. ನಿಜವಾ? ಪಕ್ಷ ಬದಲಾದರೂ ಗೆಲ್ಲೋದು ಹೇಗೆ? (ಗದಗದ ಓದುಗರೊಬ್ಬರು)

ನಿಜ. 1980, 86, 92, 98, 2004, 2010, 2016, 2022. ಬೆರಳು ಮಡಿಸಿ ಎಣಿಸಿ, ಎಂಟು ಆಗುತ್ತೆ. ಎಲ್ಲವೂ ವಿಧಾನ ಪರಿಷತ್ತಿನ ಕರ್ನಾಟಕ ಪಶ್ಚಿಮ ಶಿಕ್ಷಕರ ಕ್ಷೇತ್ರದಿಂದಲೇ, ಅಂದರೆ ಧಾರವಾಡ, ಗದಗ, ಹಾವೇರಿ, ಉತ್ತರ ಕನ್ನಡ ಜಿಲ್ಲೆಗಳು. ಇಲ್ಲಿ ಓಟು ಹಾಕೋದು ಹೈಸ್ಕೂಲು, ಕಾಲೇಜುಗಳ ಶಿಕ್ಷಕರು ಮಾತ್ರ. ವಿಧಾನ ಪರಿಷತ್ತಿನ ಅವಧಿ ಆರು ವರ್ಷ, ಹಾಗಾಗಿ ಎಂಟು ಗೆಲುವು ಅಂದರೆ ಅರ್ಧ ಶತಮಾನದ ಹತ್ತಿರ ಬಂತು. ಅವರು ಮೊದಲ ಸಲ ಗೆದ್ದಾಗ ಹುಟ್ಟಿದ ಮಗು ಮೇಷ್ಟ್ರಾಗಿ ಅವರಿಗೇ ಓಟು ಹಾಕಿರಬಹುದು!

ಹುಟ್ಟಿದ್ದು 1946ರಲ್ಲಿ, ಈಗಿನ ಬಾಗಲಕೋಟೆ ಜಿಲ್ಲೆಯಲ್ಲಿ. ರಾಜಕೀಯಕ್ಕೆ ಬರುವ ಮುಂಚೆ ಹುಬ್ಬಳ್ಳಿಯ ಲ್ಯಾಮಿಂಗ್ಟನ್ ಹೈಸ್ಕೂಲಿನಲ್ಲಿ ದೈಹಿಕ ಶಿಕ್ಷಕರು. ಸೀಟಿ ಊದುತ್ತಿದ್ದ ಪಿ.ಇ. ಮಾಸ್ತರು ಮುಂದೆ ಮೇಲ್ಮನೆಯ ಸಭಾಪತಿ ಆದರು. ಗದ್ದಲ ಮಾಡುವವರನ್ನು ಸಾಲಲ್ಲಿ ನಿಲ್ಲಿಸೋ ಅಭ್ಯಾಸ ಮೊದಲೇ ಇತ್ತಲ್ಲ, ಕೆಲಸಕ್ಕೆ ಬಂದಿರಬೇಕು.

ಪಕ್ಷದ ವಿಷಯಕ್ಕೆ ಬರೋಣ. ಜನತಾ ಪರಿವಾರದಲ್ಲೇ ಬೆಳೆದವರು, ಬಹಳ ವರ್ಷ ಜೆಡಿಎಸ್‌ನಲ್ಲಿದ್ದರು. 2022ರ ಮೇನಲ್ಲಿ ಸಭಾಪತಿ ಸ್ಥಾನಕ್ಕೆ ರಾಜೀನಾಮೆ ಕೊಟ್ಟು ಬಿಜೆಪಿ ಸೇರಿದರು, ಮರು ತಿಂಗಳೇ ಚುನಾವಣೆ, ಅದನ್ನೂ ಗೆದ್ದರು. ಬೇರೆಯವರಾಗಿದ್ದರೆ ಪಕ್ಷಾಂತರಿ ಅಂತ ಜನ ಪಾಠ ಕಲಿಸುತ್ತಿದ್ದರು, ಇಲ್ಲಿ ಹಾಗಾಗಲಿಲ್ಲ. ಯಾಕೆ ಅಂದರೆ, ನನ್ನ ಲೆಕ್ಕದಲ್ಲಿ, ಈ ಕ್ಷೇತ್ರದಲ್ಲಿ ಚಿಹ್ನೆ ನೋಡಿ ಓಟು ಹಾಕುವವರಿಗಿಂತ ಮುಖ ನೋಡಿ ಹಾಕುವವರೇ ಜಾಸ್ತಿ. ಅಷ್ಟಕ್ಕೂ ಆ ಬ್ಯಾಲಟ್ ಪೇಪರಿನಲ್ಲಿ ಚಿಹ್ನೆಯೇ ಇರಲ್ಲ, ಹೆಸರಿನ ಪಕ್ಕ ಪಕ್ಷ ಬರೆದಿರುತ್ತದೆ ಅಷ್ಟೇ.

ಲೆಕ್ಕ ನೋಡಿ. ಒಂದು ವಿಧಾನಸಭಾ ಕ್ಷೇತ್ರದಲ್ಲಿ ಎರಡು ಲಕ್ಷ ಮತದಾರರಿರೋದು ಸಾಮಾನ್ಯ. ನಾಲ್ಕು ಜಿಲ್ಲೆಯ ಈ ಕ್ಷೇತ್ರದಲ್ಲಿ 2022ರಲ್ಲೂ ಮತದಾರರು 20 ಸಾವಿರ ದಾಟಿರಲಿಲ್ಲ. ಅವರೆಲ್ಲ ಇರೋದು ಎಣಿಸಬಹುದಾದಷ್ಟು ಹೈಸ್ಕೂಲು, ಕಾಲೇಜುಗಳಲ್ಲಿ. ಒಂದು ಶಾಲೆಯ ಸ್ಟಾಫ್ ರೂಮಿಗೆ ಹೋಗಿ ಚಹಾ ಕುಡಿದರೆ ಹತ್ತು ಹದಿನೈದು ಓಟಿನ ಹತ್ತಿರ ಕೂತಂತೆ. ಅವರ ಕಷ್ಟಗಳೂ ಬೇರೆ ಥರ: ವರ್ಗಾವಣೆ, ಬಡ್ತಿ, ಅನುದಾನಿತ ಶಾಲೆಯಲ್ಲಿ ಖಾಲಿ ಬಿದ್ದ ಹುದ್ದೆ, ಪಿಂಚಣಿ. ಇವೆಲ್ಲ ಒಂದು ಕಡತ, ಒಂದು ಸಹಿ, ಒಂದು ಫೋನ್ ಕರೆಯಲ್ಲಿ ಸಿಕ್ಕಿಕೊಂಡಿರುವ ವಿಷಯಗಳು. ನನ್ನ ಮಾವ ಒಬ್ಬರು ಅನುದಾನಿತ ಹೈಸ್ಕೂಲಿನಲ್ಲಿದ್ದರು, ಅವರ ವೇತನ ಬಡ್ತಿಯ ಕಡತ ಒಂದು ಕಚೇರಿಯಲ್ಲಿ ಮೂರು ವರ್ಷ ಮಲಗಿತ್ತು. ಅದನ್ನು ಎಬ್ಬಿಸಿದವರ ಹೆಸರನ್ನು ಮಾವ ಸಾಯೋತನಕ ಹೇಳುತ್ತಿದ್ದರು, ಅವರು ಯಾವ ಪಕ್ಷ ಅಂತ ಒಮ್ಮೆಯೂ ಹೇಳಲಿಲ್ಲ. ಇಂಥ ನೆನಪುಗಳ ಮೇಲೆ ನಿಂತ ಕ್ಷೇತ್ರ ಇದು.

ಇದರಲ್ಲಿ ಒಂದು ತೊಂದರೆಯೂ ಇದೆ, ಹೇಳಿಬಿಡ್ತೀನಿ. ಕಾನೂನು ಮಾಡುವ ಮನೆಗೆ ಕಳಿಸಿದವರನ್ನು ನಾವು ಕಡತ ಓಡಿಸೋಕೆ ಬಳಸುತ್ತೇವೆ. ಆ ಕೆಲಸ ಚೆನ್ನಾಗಿ ಮಾಡಿದವರು ಗೆಲ್ಲುತ್ತಾರೆ. ತಪ್ಪು ಅವರದ್ದು ಮಾತ್ರ ಅಲ್ಲ.

ಪ್ರಶ್ನೆ: ಶಿಕ್ಷಣ ಸಚಿವರಾಗಿ ಏನು ಮಾಡಿದರು? (ಹಾವೇರಿಯಿಂದ)

2006-07ರ ಕುಮಾರಸ್ವಾಮಿ ಸರ್ಕಾರದಲ್ಲಿ ಪ್ರಾಥಮಿಕ ಮತ್ತು ಪ್ರೌಢ ಶಿಕ್ಷಣ ಅವರ ಕೈಯಲ್ಲಿತ್ತು. ಜನರಿಗೆ ನೆನಪಿರೋದು ಒಂದೇ ಗಲಾಟೆ. ಕನ್ನಡ ಮಾಧ್ಯಮ ಅಂತ ಅನುಮತಿ ಪಡೆದು ಒಳಗೊಳಗೇ ಇಂಗ್ಲಿಷ್ ಮಾಧ್ಯಮ ನಡೆಸುತ್ತಿದ್ದ ಎರಡು ಸಾವಿರಕ್ಕೂ ಹೆಚ್ಚು ಶಾಲೆಗಳ ಮಾನ್ಯತೆಯನ್ನು 2006ರಲ್ಲಿ ಸರ್ಕಾರ ರದ್ದು ಮಾಡಿತು. ಕನ್ನಡ ಹೋರಾಟಗಾರರು ಚಪ್ಪಾಳೆ ಹೊಡೆದರು, ಪೋಷಕರು ಗಾಬರಿಯಾದರು, ಶಾಲೆಯವರು ಕೋರ್ಟಿಗೆ ಓಡಿದರು. ಇದರ ಬೇರು, ನಾಲ್ಕನೇ ತರಗತಿವರೆಗೆ ಮಾತೃಭಾಷೆ ಅಥವಾ ಕನ್ನಡದಲ್ಲೇ ಕಲಿಸಬೇಕು ಅಂದ 1994ರ ಭಾಷಾ ನೀತಿಯಲ್ಲಿತ್ತು. ಕೊನೆಗೆ 2008ರಲ್ಲಿ ಹೈಕೋರ್ಟ್, 2014ರಲ್ಲಿ ಸುಪ್ರೀಂ ಕೋರ್ಟ್, ಮಾಧ್ಯಮದ ಆಯ್ಕೆ ಪೋಷಕರದ್ದು, ಸರ್ಕಾರ ಹೇರುವಂತಿಲ್ಲ ಅಂದವು. ಸುಳ್ಳು ಹೇಳಿ ಅನುಮತಿ ಪಡೆದವರನ್ನು ಹಿಡಿದದ್ದು ಸರಿ ಅಂತಲೇ ನನಗೆ ಈಗಲೂ ಅನಿಸುತ್ತೆ. ಆದರೆ ಓದುವ ಮಕ್ಕಳು ಮುಂದೆ ಎಲ್ಲಿಗೆ ಹೋಗಬೇಕು ಅಂತ ಯೋಚಿಸಿ ಹಿಡಿಯಬೇಕಿತ್ತು.

ಪ್ರಶ್ನೆ: 2023ರಲ್ಲಿ ಕಾಂಗ್ರೆಸ್ ಸರ್ಕಾರ ಬಂದರೂ ಬಿಜೆಪಿಯ ಹೊರಟ್ಟಿ ಸಭಾಪತಿಯಾಗಿ ಉಳಿದದ್ದು ಹೇಗೆ? (ಧಾರವಾಡದಿಂದ)

ಸರ್ಕಾರ ಬೀಳೋದು ಏಳೋದು ಕೆಳಮನೆಯಲ್ಲಿ. ಮೇಲ್ಮನೆಯ 75 ಜನ ಒಟ್ಟಿಗೆ ಬದಲಾಗಲ್ಲ, ಎರಡು ವರ್ಷಕ್ಕೊಮ್ಮೆ ಸುಮಾರು ಮೂರನೇ ಒಂದು ಭಾಗ ನಿವೃತ್ತರಾಗುತ್ತಾರೆ. ಸಭಾಪತಿಯನ್ನು ಇಳಿಸೋಕೆ ಆ ಮನೆಯಲ್ಲೇ ಬಹುಮತ ಬೇಕು, ಆಗ ಅದು ಕಾಂಗ್ರೆಸ್ ಬಳಿ ಇರಲಿಲ್ಲ. ಹೊರಟ್ಟಿಯವರು 2018ರಲ್ಲಿ ಕೆಲವು ತಿಂಗಳು ಹಂಗಾಮಿ ಸಭಾಪತಿ, 2021ರ ಫೆಬ್ರವರಿಯಲ್ಲಿ ಪೂರ್ಣ ಸಭಾಪತಿ, ಮತ್ತೆ 2022ರ ಡಿಸೆಂಬರಿನಲ್ಲಿ ಅವಿರೋಧ. 2021ರಲ್ಲಿ ಆ ಕುರ್ಚಿಯಲ್ಲಿ ಕೂರುವುದು ಸುಲಭ ಇರಲಿಲ್ಲ. ಅದಕ್ಕೆ ಎರಡು ತಿಂಗಳ ಹಿಂದೆ, 2020ರ ಡಿಸೆಂಬರಿನಲ್ಲಿ, ಉಪಸಭಾಪತಿ ಧರ್ಮೇಗೌಡರನ್ನು ಸದಸ್ಯರೇ ಪೀಠದಿಂದ ಎಳೆದು ಕೆಳಗಿಳಿಸಿದ್ದನ್ನು ರಾಜ್ಯವೆಲ್ಲ ಟಿವಿಯಲ್ಲಿ ನೋಡಿತ್ತು. ಹಿರಿಯರ ಮನೆ ಅಂತ ಹೆಸರು ಬೇರೆ!

ಪ್ರಶ್ನೆ: ನಾನು ಸರ್ಕಾರಿ ಪ್ರಾಥಮಿಕ ಶಾಲೆ ಶಿಕ್ಷಕಿ. ಶಿಕ್ಷಕರ ಕ್ಷೇತ್ರದಲ್ಲಿ ನನಗೇಕೆ ಓಟಿಲ್ಲ? (ಶಿರಸಿಯಿಂದ)

ಮೇಡಂ, ಹೊಟ್ಟೆ ಉರಿಯೋದು ಸಹಜ. ಸಂವಿಧಾನದ 171ನೇ ವಿಧಿಯಲ್ಲೇ ಪ್ರೌಢಶಾಲೆಗಿಂತ ಕಡಿಮೆ ಇಲ್ಲದ ಸಂಸ್ಥೆಯಲ್ಲಿ ಕಲಿಸುವವರು ಅಂತ ಇದೆ. ಅಆಇಈ ತಿದ್ದಿಸಿದವರಿಗೆ ಇಲ್ಲ, ಆಮೇಲೆ ಕಲಿಸಿದವರಿಗೆ ಇದೆ. ಶಿಕ್ಷಕರ ಪ್ರತಿನಿಧಿ ಅಂತ ಕರೆಯುವವರನ್ನು ಆರಿಸುವಾಗ ಇಷ್ಟು ಜನ ಶಿಕ್ಷಕರು ಹೊರಗೆ! ನನಗಂತೂ ಇದು ಒಪ್ಪಿಗೆ ಇಲ್ಲ. ಆದರೆ ಬದಲಾಗಬೇಕಾದರೆ ಪಾರ್ಲಿಮೆಂಟಿನಲ್ಲಿ ಬದಲಾಗಬೇಕು, ಹೊರಟ್ಟಿಯವರ ಕೈಯಲ್ಲಿ ಇಲ್ಲ.

ಪ್ರಶ್ನೆ: ನಾನು ಹೈಸ್ಕೂಲ್ ಶಿಕ್ಷಕ. ಕಳೆದ ಸಲ ಓಟು ಹಾಕಿದ್ದೆ. ಮುಂದಿನ ಸಲಕ್ಕೆ ಏನಾದರೂ ಮಾಡಬೇಕಾ? (ಹುಬ್ಬಳ್ಳಿಯಿಂದ)

ಮಾಡಲೇಬೇಕು. ಈ ಪಟ್ಟಿಯನ್ನು ಪ್ರತಿ ಚುನಾವಣೆಗೂ ಹೊಸದಾಗಿ ತಯಾರಿಸುತ್ತಾರೆ, ಹಳೇ ಪಟ್ಟಿಯಲ್ಲಿದ್ದೆ ಅನ್ನೋದು ನಡೆಯಲ್ಲ. ಈ ಸ್ಥಾನದ ಅವಧಿ 2028ರವರೆಗೆ. ಹಾಗಾಗಿ 2027ರ ಕೊನೆಯಲ್ಲಿ ಹೆಸರು ಸೇರಿಸುವ ಅರ್ಜಿ, ಅಂದರೆ ನಮೂನೆ 19 ತುಂಬಿ ಕೊಡಿ, ಹಿಂದಿನ ಆರು ವರ್ಷದಲ್ಲಿ ಮೂರು ವರ್ಷ ಕಲಿಸಿದ್ದಕ್ಕೆ ಮುಖ್ಯೋಪಾಧ್ಯಾಯರಿಂದ ದೃಢೀಕರಣ ಬೇಕು. ಇನ್ನೊಂದು, ಬ್ಯಾಲಟ್ ಮೇಲೆ ನಿಮ್ಮ ಆಯ್ಕೆಯ ಕ್ರಮದಲ್ಲಿ ಅಭ್ಯರ್ಥಿಗಳಿಗೆ 1, 2, 3 ಅಂತ ಅಂಕಿ ಬರೆಯಿರಿ, ಅವರು ಕೊಟ್ಟ ಪೆನ್ನಿನಲ್ಲೇ. ರೈಟ್ ಮಾರ್ಕ್ ಹಾಕಬೇಡಿ, ಸಹಿ ಮಾಡಬೇಡಿ. ಪ್ರತಿ ಸಲ ಎಣಿಕೆಯಲ್ಲಿ ಒಂದಷ್ಟು ಮತ ತಿರಸ್ಕೃತ ಆಗೇ ಆಗುತ್ತವೆ, ಹಾಕಿದವರೆಲ್ಲ ಮಕ್ಕಳ ಉತ್ತರ ಪತ್ರಿಕೆ ತಿದ್ದುವ ಮೇಷ್ಟ್ರುಗಳೇ.