ಚಿಚಿಬುವನ್ನು ಬಿಟ್ಟು ಒಕಾಡಾ ಸಿಗುವುದಿಲ್ಲ

ಪ್ರಿಯ ಲೇಖಕರೇ,

ಜಪಾನಿನ ಅನಿಮೆ (ಆನಿಮೇಷನ್) ಚಿತ್ರಕಥೆಗಾರ್ತಿ ಮಾರಿ ಒಕಾಡಾ ಕುರಿತ ನಿಮ್ಮ ಲೇಖನವನ್ನು ಓದಿದೆ. ಈಗಿರುವ ರೂಪದಲ್ಲಿ ಪ್ರಕಟಿಸಲಾರೆ. ಆದರೆ ವಸ್ತು ಕೈಬಿಡುವಂಥದ್ದಲ್ಲ, ಅದಕ್ಕೇ ಇಷ್ಟು ಬರೆಯುತ್ತಿದ್ದೇನೆ.

1976ರಲ್ಲಿ ಸೈತಾಮ ಪ್ರಾಂತ್ಯದ ಚಿಚಿಬುವಿನಲ್ಲಿ ಹುಟ್ಟಿದ ಆಕೆ ಶಾಲೆಗೆ ಹೋಗಲಾರದೆ ವರ್ಷಗಟ್ಟಲೆ ಮನೆಯೊಳಗೇ ಉಳಿದವರು. 2017ರ ಆತ್ಮಕಥೆಯಲ್ಲಿ ಅದನ್ನು ತಾವೇ ಬಿಚ್ಚಿಟ್ಟಿದ್ದಾರೆ. ನೀವು ಅದನ್ನು ಎರಡು ಸಾಲಿನಲ್ಲಿ ಮುಗಿಸಿ, ‘ಅಡೆತಡೆಗಳನ್ನೆಲ್ಲ ಮೆಟ್ಟಿ ನಿಂತು’ ಎಂದು ಮುಂದೆ ಸಾಗಿದ್ದೀರಿ. ಆಮೇಲೆ ಬರೀ ಶೀರ್ಷಿಕೆ, ಇಸವಿಗಳ ಮೆರವಣಿಗೆ. ಆಕೆ ಮೆಟ್ಟಿ ಬಂದದ್ದೆಲ್ಲಿ? ಮರಳಿ ಹೋಗಿ ಅದನ್ನೇ ಬರೆದರು. 2011ರ ಟಿವಿ ಸರಣಿ ‘ಅನೊಹಾನ’ದ ನಾಯಕ ಜಿಂತಾ ಶಾಲೆ ಬಿಟ್ಟು, ಬೇಸಿಗೆಯ ಧಗೆಯಲ್ಲಿ ಮನೆಯಲ್ಲೇ ಕೂತು ವಿಡಿಯೊ ಗೇಮ್ ಆಡುತ್ತಿರುತ್ತಾನೆ. ಬಾಲ್ಯದಲ್ಲೇ ತೀರಿಕೊಂಡ ಗೆಳತಿ ಮೆನ್ಮಾ ಅವನೊಬ್ಬನ ಕಣ್ಣಿಗೆ ಕಾಣುತ್ತಾಳೆ. ಆ ಊರಿಗೆ ಮಾದರಿ ಚಿಚಿಬುವೇ. 2015ರ ಚಿತ್ರ ‘ಕೊಕೊಸಾಕೆ’ಯ ನಾಯಕಿ ಜುನ್, ತಾನು ಚಿಕ್ಕಂದಿನಲ್ಲಿ ಆಡಿದ ಮಾತಿನಿಂದ ಅಪ್ಪ ಅಮ್ಮ ಬೇರೆಯಾದರೆಂದು ಮಾತನ್ನೇ ಕಳೆದುಕೊಂಡವಳು. ಅದೂ ಆ ಸೀಮೆಯದೇ ಕಥೆ. ಎರಡನ್ನೂ ನಿರ್ದೇಶಿಸಿದವರು ತತ್ಸುಯುಕಿ ನಗಾಯಿ. ಆಕೆ ಬರೆದ 2008ರ ಸರಣಿ ‘ತೊರಾದೊರಾ’ಕ್ಕೂ ಅವರೇ ನಿರ್ದೇಶಕರು. ಈ ಒಡನಾಟದ ಬಗ್ಗೆ ನಿಮ್ಮ ಲೇಖನದಲ್ಲಿ ಒಂದು ಸಾಲೂ ಇಲ್ಲದ್ದು ನನಗೆ ನಿಜಕ್ಕೂ ಬೇಸರ ತಂದಿತು.

‘ಸರಣಿ ಸಂಯೋಜನೆ ಮಾಡಿದರು’ ಎಂದು ಪುಟಪುಟದಲ್ಲೂ ಬರೆದಿದ್ದೀರಿ. ಓದುಗರಿಗೆ ಅದೇನೆಂದು ತಿಳಿಯಬೇಡವೇ? ಇಡೀ ಕಥೆಯನ್ನು ಕಂತುಗಳಿಗೆ ಹಂಚಬೇಕು. ಯಾವ ಗುಟ್ಟು ಯಾವ ಕಂತಿನಲ್ಲಿ ಹೊರಬೀಳಬೇಕೆಂದು ಗೊತ್ತುಮಾಡಬೇಕು. ಬೇರೆ ಬರಹಗಾರರೂ ಇದ್ದರೆ ಅವರ ಕಂತುಗಳು ಒಂದಕ್ಕೊಂದು ಕೂಡಿಕೊಳ್ಳುವಂತೆ ನೋಡಿಕೊಳ್ಳಬೇಕು. ‘ತೊರಾದೊರಾ’ಕ್ಕೆ ಯುಯುಕೊ ತಕೆಮಿಯಾ ಅವರ ಕಾದಂಬರಿಗಳ ಆಸರೆಯಿತ್ತು. ‘ಅನೊಹಾನ’ಕ್ಕೆ ಮೂಲಕೃತಿಯೇ ಇರಲಿಲ್ಲ, ಆರು ಜನ ಗೆಳೆಯರ ಅಳಲು 11 ಕಂತುಗಳಲ್ಲಿ ಅಡಗಬೇಕಿತ್ತು. ಎರಡರಿಂದಲೂ ಒಂದೊಂದು ಕಂತನ್ನು ಎದುರುಬದುರು ಇಟ್ಟುಕೊಂಡು ನೋಡಿ. ಆಕೆಯ ಕಸುಬು ಅಲ್ಲಿ ಕಣ್ಣಿಗೆ ಬೀಳುತ್ತದೆ, ಲೇಖನಕ್ಕೆ ಅದೇ ಬೆನ್ನೆಲುಬು.

2018ರ ಚಿತ್ರ ‘ಮಕಿಯಾ’ವನ್ನು ಆಕೆಯೇ ನಿರ್ದೇಶಿಸಿದ್ದನ್ನು ‘ಯಶಸ್ಸಿನ ಶಿಖರ’ ಎಂದಿದ್ದೀರಿ. ಆ ಮಾತು ನನಗೆ ಒಪ್ಪಿಗೆಯಿಲ್ಲ. ಚಿತ್ರಕಥೆ ಮುಗಿದ ಮೇಲೆ ದೃಶ್ಯಗಳನ್ನು ಒಂದೊಂದಾಗಿ ಚಿತ್ರ ಬಿಡಿಸಿಕೊಳ್ಳುವ ಸ್ಟೋರಿಬೋರ್ಡ್ ಹಂತಕ್ಕೆ ಹೋಗುತ್ತದೆ, ಬರೆದವರ ಹಿಡಿತ ಅಲ್ಲಿಗೆ ಸಡಿಲವಾಗುತ್ತದೆ. ಅಷ್ಟು ವರ್ಷ ಹೀಗೆ ಬೇರೆಯವರ ಕೈಗೊಪ್ಪಿಸಿದವರು ಈ ಕಥೆಯನ್ನು ಮಾತ್ರ ಏಕೆ ತಮ್ಮ ಕೈಯಲ್ಲೇ ಉಳಿಸಿಕೊಂಡರು? ಅದು ತಾಯಿ ಮಗನ ಕಥೆ ಎಂಬುದನ್ನು ನೆನಪಿಟ್ಟುಕೊಂಡು ಯೋಚಿಸಿ.

ಪ್ರಶಸ್ತಿಗಳ ಪ್ಯಾರಾ ಪೂರ್ತಿ ತೆಗೆಯಿರಿ. ಜಿಂತಾನಿಂದಲೇ ಶುರುಮಾಡಿ, ಹೊಸದಾಗಿ ಬರೆದು ನನ್ನ ಹೆಸರಿಗೇ ಕಳುಹಿಸಿ.

ಇಂತಿ,
ಸಂಪಾದಕ